ಮಳೆಗಾಲದಲ್ಲಿ ನೆಲ ಬೆವರ್ತದೆ, ಟೈಲ್ಸ್ ಅಡಿಗೆ ಫೋಮ್ ಬೋರ್ಡ್ ಹಾಕಿಸ್ಬಹುದಾ?

ಪ್ರಶ್ನೆ: ಸರ್, ನಮ್ಮದು ಬ್ರಹ್ಮಾವರದ ಹತ್ತಿರ 12 ವರ್ಷ ಹಿಂದೆ ಕಟ್ಟಿಸಿದ ಮುರಕಲ್ಲಿನ ಮನೆ, ನೆಲಕ್ಕೆ ವಿಟ್ರಿಫೈಡ್ ಟೈಲ್ಸ್. ಮಳೆಗಾಲ ಶುರುವಾಯ್ತು ಅಂದ್ರೆ ಹಾಲ್ ಮತ್ತು ಹಿಂದಿನ ಎರಡು ರೂಮಿನ ನೆಲ ಒದ್ದೆ, ಒರೆಸಿ ಅರ್ಧ ಗಂಟೆಗೆ ಮತ್ತೆ ಪಸೆ. ಹಿಂದಿನ ರೂಮಲ್ಲಿ ಮಾತ್ರ ಗೋಡೆ ಬುಡದಲ್ಲಿ ಪೇಂಟ್ ಉಬ್ಬಿ ಬಿಳಿ ಹುಡಿ ಉದುರ್ತದೆ. ಮನೆ ಹಿಂದೆ ಗುಡ್ಡೆ ಕಡಿದ ಬರೆ ಉಂಟು, ಅಂಗಳಕ್ಕೆ 3 ವರ್ಷ ಹಿಂದೆ ಇಂಟರ್‌ಲಾಕ್ ಹಾಕಿಸಿದ್ದೇವೆ. ಅತ್ತೆಗೆ 76 ವರ್ಷ, ನೆಲದ ತಂಡಿಗೆ ಕಾಲು ಸೆಳೀತದೆ ಅಂತಾರೆ, ಹೋದ ವರ್ಷ ಒಮ್ಮೆ ಜಾರಿ ಬಿದ್ದೂ ಆಯ್ತು. ಜರ್ಮನಿಯಲ್ಲಿರುವ ನನ್ನ ತಮ್ಮ, ಅಲ್ಲಿ ಮನೆ ನೆಲದ ಅಡಿಗೆ ಫೋಮ್ ಬೋರ್ಡ್ ಹಾಕ್ತಾರೆ ನೀವೂ ಹಾಕಿಸಿ ಅಂತಾನೆ. ನಮ್ಮ ಮೇಸ್ತ್ರಿ ಥರ್ಮೋಕೋಲ್ ಹಾಕಿದ್ರೆ ನೆಲ ಕುಸೀತದೆ, ಗೆದ್ದಲು ಬರ್ತದೆ ಅಂತಾರೆ. ಇನ್ನೊಬ್ಬ ಕಾಂಟ್ರಾಕ್ಟರ್ ಈಗಿರುವ ಟೈಲ್ಸ್ ಮೇಲೆಯೇ 2 ಇಂಚು ಬೋರ್ಡ್ ಇಟ್ಟು ಕಾಂಕ್ರೀಟ್ ಹಾಕಿ ಹೊಸ ಟೈಲ್ಸ್ ಮಾಡಿ ಕೊಡ್ತೇನೆ, ಪಸೆ ಪೂರ್ತಿ ನಿಲ್ತದೆ, ಗ್ಯಾರಂಟಿ ಅಂತ ಹೇಳ್ತಾರೆ. ದೀಪಾವಳಿ ಕಳೆದ ಮೇಲೆ ಅತ್ತೆಗೆ ಅಂತ ಅಟ್ಯಾಚ್ಡ್ ಬಾತ್‌ರೂಮ್ ಇರುವ ಒಂದು ರೂಮ್ ಪಕ್ಕದಲ್ಲಿ ಕಟ್ಟಿಸ್ಲಿಕ್ಕೂ ಉಂಟು. ಯಾರ ಮಾತು ಕೇಳುದು?

ಉತ್ತರ: ಮೇಡಂ, ನೀವು ಕೇಳಿದ್ದು ಒಂದು ಪ್ರಶ್ನೆ ಅಲ್ಲ, ಮೂರು ಉಂಟು ಇದರಲ್ಲಿ. ನೆಲ ಒದ್ದೆ ಆಗುದು ಒಂದು, ಕಾಲಿಗೆ ತಂಡಿ ಆಗುದು ಇನ್ನೊಂದು, ಜಾರುದು ಮೂರನೇದು. ಮೂರಕ್ಕೂ ಫೋಮ್ ಬೋರ್ಡ್ ಒಂದೇ ಮದ್ದು ಅಂತ ಕಾಂಟ್ರಾಕ್ಟರ್ ಹೇಳ್ತಾ ಇದ್ದಾರೆ, ಅಲ್ಲಿಗೇ ನನಗೆ ಒಪ್ಪಿಗೆ ಇಲ್ಲ. ಬೋರ್ಡ್ ತಡೆಯುದು ಬಿಸಿ ಮತ್ತು ತಂಪಿನ ಓಡಾಟವನ್ನು, ನೀರನ್ನಲ್ಲ. ಬೋರ್ಡಿನ ಒಳಗೆ ನೀರು ಹೋಗ್ಲಿಕ್ಕಿಲ್ಲ, ಆದ್ರೆ ಎರಡು ಬೋರ್ಡಿನ ನಡುವಿನ ಸಂದಿಯಲ್ಲಿ ಆರಾಮಾಗಿ ಬರ್ತದೆ. ಹಾಗಾಗಿ ಮೊದಲು ನಿಮ್ಮ ಮನೆಗೆ ಪಸೆ ಎಲ್ಲಿಂದ ಬರ್ತದೆ ಅಂತ ಗೊತ್ತಾಗ್ಬೇಕು, ಅಲ್ಲಿವರೆಗೆ ಯಾರಿಗೂ ಅಡ್ವಾನ್ಸ್ ಕೊಡ್ಬೇಡಿ.

ನಮ್ಮ ಕಡೆ ನೆಲಕ್ಕೆ ಪಸೆ ಬರುದು ಎರಡು ದಾರಿಯಲ್ಲಿ. ಒಂದು ಮೇಲಿಂದ, ಅಂದ್ರೆ ಗಾಳಿಯಿಂದ. ಫ್ರಿಜ್ಜಿಂದ ತೆಗೆದ ಸ್ಟೀಲ್ ಚೆಂಬಿನ ಹೊರಗೆ ನೀರು ಕೂರ್ತದಲ್ವಾ, ಅದೇ ಕಥೆ. ಗಾಳಿಯಲ್ಲಿರುವ ನೀರಿನ ಆವಿ ಒಂದು ಮಟ್ಟಕ್ಕಿಂತ ತಣ್ಣಗಿರುವ ಮೇಲ್ಮೈ ಸಿಕ್ಕಿದ ಕೂಡ್ಲೇ ನೀರಾಗ್ತದೆ, ಆ ಮಟ್ಟಕ್ಕೆ ಇಬ್ಬನಿ ಬಿಂದು ಅಂತ ಹೇಳ್ತೇವೆ. ಲೆಕ್ಕ ನೋಡಿ, ಗಾಳಿ 31 ಡಿಗ್ರಿ ಇದ್ದು ತೇವಾಂಶ 80 ಶೇಕಡಾ ಇದ್ರೆ ಇಬ್ಬನಿ ಬಿಂದು ಸುಮಾರು 27 ಡಿಗ್ರಿ. ಮಣ್ಣಿಗೆ ತಾಗಿ ಕೂತ ಟೈಲ್ಸ್ 26 ಡಿಗ್ರಿ ಇದ್ರೆ ಸಾಕು, ನೆಲ ಬೆವರ್ಲಿಕ್ಕೆ ಶುರು. ಮೇ ಕೊನೆಯ ಪತ್ತನಾಜೆ ಕಳೆದು ಮೊದಲ ಒಂದೆರಡು ಜೋರು ಮಳೆ ಬಂದು, ನೆಲ ತಂಪಾಗಿ, ಮತ್ತೆ ಒಂದು ದಿನ ಬಿಸಿಲು ಬಂದು ಸೆಕೆ ಹೊಡೀತದಲ್ಲ, ಆ ದಿನ ಉಡುಪಿ ಮಂಗಳೂರಿನ ಅರ್ಧ ಮನೆಗಳಲ್ಲಿ ಕಾಲಿಟ್ರೆ ಹೆಜ್ಜೆ ಅಚ್ಚು ಮೂಡುದು ಇದೇ ಕಾರಣಕ್ಕೆ. ನಡು ಮಳೆಗಾಲದಲ್ಲಿ ಗಾಳಿ 27 ಡಿಗ್ರಿ, ತೇವಾಂಶ 90 ಶೇಕಡಾ ಅಂತ ಇಟ್ಕೊಂಡ್ರೂ ಇಬ್ಬನಿ ಬಿಂದು 25ರ ಮೇಲೆಯೇ ಇರ್ತದೆ, ಅಂದ್ರೆ ಅಂತರ ತುಂಬ ಕಮ್ಮಿ, ಸ್ವಲ್ಪ ಆಚೆ ಈಚೆ ಆದ್ರೂ ಒದ್ದೆ.

ಇನ್ನೊಂದು ದಾರಿ ಕೆಳಗಿಂದ. ಮಣ್ಣಿನ ನೀರು ಪಂಚಾಂಗದ, ಅಂದ್ರೆ ಮನೆಯ ಅಡಿಪಾಯದ ಮುರಕಲ್ಲಿನ ಮೂಲಕ, ನೆಲದ ಕಾಂಕ್ರೀಟಿನ ಮೂಲಕ ಮೇಲೆ ಏರ್ತದೆ. ಮುರಕಲ್ಲು ತೂತು ತೂತಿನ ಕಲ್ಲು, ನೀರು ಎಳ್ಕೊಳ್ತದೆ. ವಿಟ್ರಿಫೈಡ್ ಟೈಲ್ಸ್ ಒಳಗಿಂದ ನೀರು ಬರುದಿಲ್ಲ, ಟೈಲ್ಸಿನ ಜಾಯಿಂಟಲ್ಲಿ ಬರ್ತದೆ, ಆಮೇಲೆ ಗೋಡೆ ಬುಡಕ್ಕೆ ಹೋಗಿ ಅಲ್ಲಿ ಒಣಗಿ ಉಪ್ಪು ಬಿಡ್ತದೆ. ನೀವು ಹೇಳಿದ ಬಿಳಿ ಹುಡಿ ಅದೇ ಉಪ್ಪು. ಗಾಳಿಯಿಂದ ಬೆವರಿದ ನೆಲ ಉಪ್ಪು ಬಿಡುದಿಲ್ಲ.

ಇದ್ರಿಂದ ನನಗೆ ಅಂದಾಜಾಗುದು ಎಂತ ಅಂದ್ರೆ ನಿಮ್ಮ ಹಾಲಲ್ಲಿ ಆಗ್ತಿರುದು ಬೆವರು, ಹಿಂದಿನ ರೂಮುಗಳಲ್ಲಿ ಕೆಳಗಿನ ಪಸೆ, ಅಥವಾ ಎರಡೂ. ಆದ್ರೆ ಅಂದಾಜಿನ ಮೇಲೆ ದುಡ್ಡು ಹಾಕುದು ಬೇಡ, ಒಂದು ಪರೀಕ್ಷೆ ಉಂಟು, ಖರ್ಚೇ ಇಲ್ಲ. ದಪ್ಪ ಪ್ಲಾಸ್ಟಿಕ್ ಶೀಟ್ 2 ಅಡಿ ಚೌಕ ಕತ್ತರಿಸಿ. ನೆಲ ಒರೆಸಿ ಫ್ಯಾನ್ ಹಾಕಿ ಚೆನ್ನಾಗಿ ಒಣಗಿಸಿ, ಇಲ್ಲದಿದ್ರೆ ಅಲ್ಲಿದ್ದ ಪಸೆಯೇ ಸಿಕ್ಕಿಹಾಕ್ಕೊಂಡು ನಮ್ಮನ್ನು ದಾರಿ ತಪ್ಪಿಸ್ತದೆ. ಶೀಟನ್ನು ಟೈಲ್ಸ್ ಜಾಯಿಂಟ್ ಮಧ್ಯಕ್ಕೆ ಬರುವ ಹಾಗೆ ಇಟ್ಟು ನಾಲ್ಕು ಬದಿಗೂ ಟೇಪ್ ಹಾಕಿ ಎರಡು ದಿನ ಬಿಡಿ. ಹಾಲಲ್ಲಿ ಒಂದು, ಹಿಂದಿನ ರೂಮಲ್ಲಿ ಗೋಡೆ ಹತ್ತಿರ ಒಂದು, ನಡುವಲ್ಲಿ ಒಂದು. ಶೀಟಿನ ಮೇಲೆ ನೀರು ಕೂತು ಅಡಿ ಒಣಗಿದ್ರೆ ಅದು ಗಾಳಿಯದ್ದು. ಅಡಿಯಲ್ಲಿ ಹನಿ ಇದ್ರೆ, ಜಾಯಿಂಟ್ ಕಪ್ಪಾಗಿದ್ರೆ ಮಣ್ಣಿನದ್ದು. ಇದನ್ನು ನೆಲ ಒದ್ದೆ ಆಗುವ ದಿನಗಳಲ್ಲೇ ಮಾಡಿ, ಡಿಸೆಂಬರಲ್ಲಿ ಮಾಡಿದ್ರೆ ಎಲ್ಲ ಒಣಗಿಯೇ ಇರ್ತದೆ. ಹಾಗೇ ಆಟಿಯಲ್ಲಿ, ಅಂದ್ರೆ ಜುಲೈ ಆಗಸ್ಟ್ ಹೊತ್ತಿಗೆ, ನಿಮ್ಮ ಬಾವಿಯ ನೀರು ನೆಲಮಟ್ಟದಿಂದ ಎಷ್ಟು ಕೆಳಗೆ ಉಂಟು ಅಂತ ನೋಡಿ. ಕೈಗೆ ಸಿಗುವಷ್ಟು ಮೇಲೆ ಬಂದಿದ್ರೆ ನಿಮ್ಮ ಮನೆಯ ಅಡಿಯ ಮಣ್ಣೂ ನೀರು ತುಂಬಿಯೇ ಕೂತಿರ್ತದೆ. ಗದ್ದೆ ತುಂಬಿಸಿ ಮನೆ ಕಟ್ಟಿದವರಿಗಂತೂ ಇದು ಪ್ರತಿ ವರ್ಷದ ಪಾಡು.

ಈಗ ನಿಮ್ಮ ತಮ್ಮ ಹೇಳಿದ್ದು. ಅವರು ಹೇಳಿದ್ದು ಅಲ್ಲಿಗೆ ನೂರಕ್ಕೆ ನೂರು ಸರಿ. ಅಲ್ಲಿ ಮಣ್ಣಿನ ಉಷ್ಣತೆ ವರ್ಷದ ಸರಾಸರಿ 10 ಡಿಗ್ರಿ ಆಸುಪಾಸು, ಮನೆ ಒಳಗೆ ಹೀಟರ್ ಹಾಕಿ 20-21 ಇಟ್ಕೊಳ್ತಾರೆ, ಆ ಬಿಸಿ ನೆಲಕ್ಕೆ ಸೋರಿ ಹೋಗ್ಬಾರ್ದು ಅಂತ 4 ಇಂಚು, ಅದಕ್ಕಿಂತ ಜಾಸ್ತಿಯೂ ಬೋರ್ಡ್ ಹಾಕ್ತಾರೆ. ನಮ್ಮಲ್ಲಿ ಮಣ್ಣು 26-27 ಡಿಗ್ರಿ, ಮನೆಯೂ ಹೆಚ್ಚು ಕಮ್ಮಿ ಅಷ್ಟೇ. ಉಳಿಸ್ಲಿಕ್ಕೆ ಬಿಸಿಯೇ ಇಲ್ಲ. ಅಲ್ಲದೆ ಏಪ್ರಿಲ್ ಮೇಯಲ್ಲಿ ಹೊರಗೆ 34 ಡಿಗ್ರಿ ಇರುವಾಗ ಬರೀ ನೆಲದಲ್ಲಿ ಚಾಪೆ ಹಾಕಿ ಮಲಗಿದ್ರೆ ಹಾಯಾಗ್ತದಲ್ಲ, ಆ ತಂಪು ಕೊಡುದು ಈ ಮಣ್ಣೇ. ದಪ್ಪ ಬೋರ್ಡ್ ಹಾಕಿ ಮಣ್ಣಿಂದ ನೆಲವನ್ನು ಬೇರೆ ಮಾಡಿದ್ರೆ ಆ ತಂಪು ನಮಗೆ ಸಿಗುದಿಲ್ಲ. ಇದನ್ನು ಬೋರ್ಡ್ ಮಾರುವವರು ಹೇಳುದಿಲ್ಲ. ಕೇಂದ್ರ ಸರಕಾರ 2018ರಲ್ಲಿ ಮನೆಗಳಿಗೆ ಅಂತ ತಂದ ಇಕೋ ನಿವಾಸ್ ಸಂಹಿತೆಯಲ್ಲೂ ಮಾಡಿಗೆ ಯು-ವ್ಯಾಲ್ಯೂ (ಬಿಸಿ ಎಷ್ಟು ಸುಲಭದಲ್ಲಿ ದಾಟಿ ಬರ್ತದೆ ಅನ್ನುವ ಅಳತೆ) 1.2 ದಾಟಬಾರ್ದು ಅಂತ ಮಿತಿ ಉಂಟು, ಗೋಡೆ ಕಿಟಕಿಗೂ ಲೆಕ್ಕ ಉಂಟು, ನೆಲಕ್ಕೆ ಹಾಗೆ ಬೋರ್ಡ್ ಹಾಕಿ ಅಂತ ಕೇಳುದಿಲ್ಲ. ನಿಮ್ಮದು ಬರೀ ಟೆರೇಸ್ ಆಗಿದ್ದು ಮೇಲೆ ಶೀಟ್ ಹಾಕಿಸಿಲ್ಲ ಅಂತಾದ್ರೆ ಇದೇ ಬೋರ್ಡಿನ ದುಡ್ಡು ಮೊದಲು ಟೆರೇಸಿಗೆ ಹೋಗ್ಬೇಕು, ಸೆಕೆ ಬರುದು ಅಲ್ಲಿಂದ.

ಹಾಗಂತ ಬೋರ್ಡಿಂದ ನಮ್ಮ ನೆಲಕ್ಕೆ ಪ್ರಯೋಜನವೇ ಇಲ್ಲ ಅಂತಲೂ ಅಲ್ಲ. ಬೆವರುದಕ್ಕೆ ಅದು ಸಹಾಯ ಮಾಡ್ತದೆ. ಬೋರ್ಡಿನ ಮೇಲಿರುವ ನೆಲ ಮಣ್ಣಿನ ತಂಪಿಗೆ ಅಂಟಿಕೊಂಡಿರುದಿಲ್ಲ, ಕೋಣೆಯ ಗಾಳಿ ಬಿಸಿಯಾದ ಹಾಗೆ ಅದೂ ಬಿಸಿಯಾಗ್ತದೆ, ಇಬ್ಬನಿ ಬಿಂದುವಿಂದ ಮೇಲೆ ಬೇಗ ಬರ್ತದೆ. ಅದಕ್ಕೆ 4 ಇಂಚೆಲ್ಲ ಬೇಡ, 1 ಇಂಚು ಸಾಕು. ಆದ್ರೆ ಬೋರ್ಡಿನ ಮೇಲೆ ಎರಡೂವರೆ ಇಂಚು ಕಾಂಕ್ರೀಟ್ ಬರ್ತದಲ್ಲ, ಅದು ಬಿಸಿಯಾಗ್ಲಿಕ್ಕೂ ಕೆಲವು ಗಂಟೆ ತಗೊಳ್ತದೆ, ಅಷ್ಟು ಹೊತ್ತು ಬೆವರ್ಬಹುದು. ಕಡಿಮೆ ಆಗ್ತದೆ ಅಂತ ಯಾರಾದ್ರೂ ಹೇಳಿದ್ರೆ ನಂಬಿ, ಪೂರ್ತಿ ನಿಲ್ತದೆ ಅಂದ್ರೆ ನಂಬ್ಬೇಡಿ.

ಅತ್ತೆಯ ಕಾಲಿನ ತಂಡಿ ವಿಷಯದಲ್ಲಿ ಹೆಚ್ಚಿನವರಿಗೆ ಗೊತ್ತಿಲ್ಲದ ಸಂಗತಿ ಒಂದುಂಟು. ಮರದ ಹಲಗೆಯೂ ವಿಟ್ರಿಫೈಡ್ ಟೈಲ್ಸೂ ಒಂದೇ ಕೋಣೆಯಲ್ಲಿ 26 ಡಿಗ್ರಿಯಲ್ಲೇ ಇದ್ರೂ ಟೈಲ್ಸ್ ತಂಡಿ ಅನಿಸ್ತದೆ, ಯಾಕಂದ್ರೆ ಅದು ನಮ್ಮ ಪಾದದ ಬಿಸಿಯನ್ನು ಬೇಗ ಎಳ್ಕೊಳ್ತದೆ. ಪಾದಕ್ಕೆ ತಾಗುದು ಟೈಲ್ಸ್, ಫೋಮ್ ಅಲ್ಲ. ಮೂರು ಇಂಚು ಕೆಳಗೆ ಫೋಮ್ ಇದ್ರೂ ಅತ್ತೆ ಬೆಳಿಗ್ಗೆ ಎದ್ದು ಕಾಲಿಡುವಾಗ ಹೆಚ್ಚಿನ ವ್ಯತ್ಯಾಸ ಗೊತ್ತಾಗ್ಲಿಕ್ಕಿಲ್ಲ. ಅವರಿಗೆ ಬೇಕಾದ್ದು ನೆಲದ ಮೇಲೆ ಏನಾದ್ರೂ. ಮನೆಯೊಳಗೆ ಹಾಕುವ ಗಟ್ಟಿ ಅಡಿಯ, ಹಿಮ್ಮಡಿ ಹಿಡ್ಕೊಳ್ಳುವ ಚಪ್ಪಲಿ, ಮಂಚದ ಪಕ್ಕ ರಬ್ಬರ್ ಅಡಿ ಇರುವ ಜಾರದ ಮ್ಯಾಟ್, ಇಷ್ಟು ಇವತ್ತೇ ಆಗುವ ಕೆಲಸ. ಸೆಳೆತ ಜಾಸ್ತಿ ಇದ್ರೆ ಡಾಕ್ಟರಿಗೂ ತೋರಿಸಿ, ಎಲ್ಲವನ್ನೂ ನೆಲದ ತಲೆಗೆ ಕಟ್ಟುದು ಬೇಡ. ಇನ್ನು ಹಾಲ್‌ ತುಂಬ ವಿನೈಲ್ ಅಥವಾ ಎಸ್‌ಪಿಸಿ (ಕಲ್ಲಿನ ಹುಡಿ ಮತ್ತು ಪ್ಲಾಸ್ಟಿಕ್ ಸೇರಿಸಿ ಮಾಡಿದ) ಹಲಗೆ ಹಾಸುವವರಿದ್ದಾರೆ, ಪಾದಕ್ಕೆ ಟೈಲ್ಸಿನಷ್ಟು ತಂಡಿ ಅಲ್ಲ, ಹೌದು. ಆದ್ರೆ ಕೆಳಗಿಂದ ಪಸೆ ಬರುವ ರೂಮಿಗೆ ಅದನ್ನು ಹಾಕಿದ್ರೆ ಅಡಿಯಲ್ಲಿ ಬೂಸ್ಟು ಕಟ್ಟಿ ವಾಸನೆ ಬರ್ತದೆ, ಹಾಗಾಗಿ ಶೀಟ್ ಪರೀಕ್ಷೆಯಲ್ಲಿ ಅಡಿ ಒಣಗಿದ್ದ ರೂಮಿಗೆ ಮಾತ್ರ.

ಮೇಸ್ತ್ರಿಯ ಮಾತಿನಲ್ಲಿ ಅರ್ಧ ಸರಿ, ಅರ್ಧ ತಪ್ಪು. ಟಿವಿ ಪ್ಯಾಕಿಂಗಲ್ಲಿ ಬರುವ ಬಿಳಿ ಥರ್ಮೋಕೋಲ್ ಹಾಕಿದ್ರೆ ಖಂಡಿತ ಕುಸೀತದೆ, ಅದು ನೆಲಕ್ಕೆ ಅಂತ ಮಾಡಿದ್ದಲ್ಲ, ನೀರೂ ಹೀರ್ತದೆ. ನೆಲಕ್ಕೆ ಹಾಕುದು ಎಕ್ಸ್‌ಪಿಎಸ್ ಅಂತ, ಗಟ್ಟಿ ಪಾಲಿಸ್ಟೈರಿನ್ ಫೋಮ್ ಬೋರ್ಡ್, ನೀಲಿ ಗುಲಾಬಿ ಹಸಿರು ಹೀಗೆ ಬಣ್ಣದಲ್ಲಿ ಬರ್ತದೆ, ಕತ್ತರಿಸಿದ್ರೆ ಕಾಳು ಕಾಳು ಉದುರುದಿಲ್ಲ, ನುಣ್ಣಗೆ ಕತ್ತರಿಸಿಕೊಳ್ತದೆ. ಅದರಲ್ಲಿ 300 ಕಿಲೋಪ್ಯಾಸ್ಕಲ್ ಗ್ರೇಡ್ ಅಂದ್ರೆ ಒಂದು ಚದರ ಮೀಟರಿಗೆ ಸುಮಾರು 30 ಟನ್ ಭಾರ ಬಿದ್ದಾಗ ದಪ್ಪದ ಹತ್ತನೇ ಒಂದು ಭಾಗ ತಗ್ಗುವಂಥದ್ದು. ವರ್ಷಗಟ್ಟಲೆ ಕೂತಿರುವ ಭಾರಕ್ಕೆ ಅದರ ಮೂರನೇ ಒಂದು ಭಾಗ ಮಾತ್ರ ಲೆಕ್ಕ ಹಿಡಿದ್ರೂ 10 ಟನ್. ಬಟ್ಟೆ ತುಂಬಿದ ಕಬ್ಬಿಣದ ಕಪಾಟು ಎಷ್ಟಿರ್ತದೆ, ಕಾಲು ಟನ್ ಬರ್ತದಾ? ಭಾರಕ್ಕೆ ಹೆದರ್ಬೇಕಾಗಿಲ್ಲ. ನೆಲ ಹಾಳಾಗುದು ಬೇರೆ ಕಾರಣಕ್ಕೆ, ಅಡಿಯ ಪಿಸಿಸಿ (ಕಬ್ಬಿಣ ಹಾಕದ ಕಾಂಕ್ರೀಟ್) ಸಮ ಮಾಡದೆ, ಒಂದು ಜಲ್ಲಿ ಕಲ್ಲು ಎದ್ದು ನಿಂತಿದ್ರೂ ಹಾಗೇ ಬೋರ್ಡ್ ಇಡ್ತಾರೆ, ಬೋರ್ಡ್ ಅಲುಗಾಡ್ತದೆ, ಅದರ ಅಡಿ ಪೊಳ್ಳು ಉಳೀತದೆ, ಮೇಲಿನ ಕಾಂಕ್ರೀಟ್ ಅಲ್ಲೇ ಬಿರುಕು ಬಿಡ್ತದೆ. ಬೋರ್ಡ್ ಇಟ್ಟ ಮೇಲೆ ನೀವೇ ಮೇಲೆ ನಡೆದು ನೋಡಿ, ಎಲ್ಲಾದ್ರೂ ಟಕ್ ಟಕ್ ಅಂದ್ರೆ ತೆಗೆಸಿ.

ಗೆದ್ದಲಿನ ಮಾತು ಮಾತ್ರ ಮೇಸ್ತ್ರಿ ಸರಿಯಾಗೇ ಹೇಳಿದ್ದಾರೆ. ಗೆದ್ದಲಿಗೆ ಫೋಮ್ ಆಹಾರ ಅಲ್ಲ, ಆದ್ರೆ ಅದರೊಳಗೆ ಸುರಂಗ ಕೊರೆದು ಗೂಡು ಮಾಡ್ತದೆ, ಅಲ್ಲಿಂದ ದಾರಂದಕ್ಕೆ ಹೋಗ್ತದೆ, ನಮ್ಮ ಕಣ್ಣಿಗೆ ಕಾಣುದೇ ಇಲ್ಲ. ಇರುವೆಯೂ ಹಾಗೆ. ಆದ್ದರಿಂದ ಮಣ್ಣಿಗೆ ಗೆದ್ದಲು ಮದ್ದು ಹಾಕದೆ ಫೋಮ್ ಇಡುವ ಯೋಚನೆಯೇ ಬೇಡ. ಐಎಸ್ 6313 ಅನ್ನುವ ಭಾರತೀಯ ಮಾನದಂಡದಲ್ಲಿ ಕಟ್ಟುವ ಮೊದಲೇ ಮದ್ದು ಹಾಕುವ ಕ್ರಮ ಇದೆ, ಅದರ ಪ್ರಕಾರ ಮಾಡಿ ಅಂತ ಹೇಳಿ. ಆ ಮದ್ದಲ್ಲಿ ಇರುವ ದ್ರಾವಕ ಫೋಮನ್ನು ಕರಗಿಸ್ಬಹುದು, ಹಾಗಾಗಿ ಅದು ಪೂರ್ತಿ ಮಣ್ಣಿಗೆ ಇಳಿದು ಒಣಗಿ, ಮೇಲೆ ಕಾಂಕ್ರೀಟ್ ಮತ್ತು ಪ್ಲಾಸ್ಟಿಕ್ ಬಂದ ಮೇಲೆಯೇ ಬೋರ್ಡ್. ಪೆಟ್ರೋಲ್, ಥಿನ್ನರ್, ಕೆಲವು ಡಬ್ಬದ ಗಮ್, ಬಿಸಿ ಡಾಂಬರು ಯಾವುದೂ ಎಕ್ಸ್‌ಪಿಎಸ್‌ಗೆ ತಾಗ್ಬಾರ್ದು. ಬೆಂಕಿಯೂ ಅಷ್ಟೇ, ಹೊತ್ತಿಕೊಂಡ್ರೆ ದಟ್ಟ ಕಪ್ಪು ಹೊಗೆ ಬರ್ತದೆ. ಕಾಂಕ್ರೀಟಿನ ಅಡಿ ಹೋದ ಮೇಲೆ ಆ ಭಯ ಇಲ್ಲ, ಆದ್ರೆ ಸೈಟಲ್ಲಿ ವೆಲ್ಡಿಂಗ್ ನಡೆಯುವ ಜಾಗದ ಹತ್ತಿರ ಅಟ್ಟಿ ಇಡ್ಬೇಡಿ, ಬಿಸಿಲಲ್ಲೂ ವಾರಗಟ್ಟಲೆ ಬಿಡ್ಬೇಡಿ.

ಕಾಂಟ್ರಾಕ್ಟರ್ ಹೇಳಿದ ಹಾಗೆ ಹಳೆ ಟೈಲ್ಸ್ ಮೇಲೆ ಬೋರ್ಡ್ ಹಾಕಿಸುದು ನನಗೆ ಸುತಾರಾಂ ಬೇಡ ಅನಿಸ್ತದೆ. ಲೆಕ್ಕ ಹಾಕಿ, 2 ಇಂಚು ಬೋರ್ಡ್, ಅದರ ಮೇಲೆ ಬಿರುಕು ಬಿಡದ ಹಾಗೆ ಕಮ್ಮಿ ಅಂದ್ರೂ 65 ಎಂಎಂ ಕಾಂಕ್ರೀಟ್, ಗಮ್ ಮತ್ತು ಟೈಲ್ಸ್ ಅರ್ಧ ಇಂಚು, ಒಟ್ಟು 5 ಇಂಚು ನೆಲ ಮೇಲೆ ಬರ್ತದೆ. ಎಲ್ಲ ಬಾಗಿಲು ಕತ್ತರಿಸ್ಬೇಕು, ದಾರಂದದ ಎತ್ತರ ಹೋಗ್ತದೆ, ಹೊಸ್ತಿಲು ನೆಲದೊಳಗೆ ಮುಳುಗ್ತದೆ, ಅಡುಗೆಮನೆಯ ಕಟ್ಟೆ ಬಗ್ಗಿ ನಿಲ್ಲುವಷ್ಟು ಕೆಳಗಾಗ್ತದೆ, ಹಾಲಿಗೂ ಜಗಲಿಗೂ ನಡುವೆ ಹೊಸ ಮೆಟ್ಟಿಲು ಹುಟ್ಟಿಕೊಳ್ತದೆ, ಬಿದ್ದ ಅನುಭವ ಇರುವ 76 ವರ್ಷದವರ ಮನೆಗೆ ಅದು ಇನ್ನೊಂದು ಅಪಾಯ. ಇಷ್ಟೆಲ್ಲ ಮಾಡಿಯೂ ಹಿಂದಿನ ರೂಮಿನ ಕೆಳಗಿನ ನೀರು ಹೋಗುದಿಲ್ಲ, ನೆಲದಲ್ಲಿ ದಾರಿ ಸಿಗದೆ ಗೋಡೆಗೆ ಇನ್ನೂ ಜಾಸ್ತಿ ಏರ್ತದೆ. ಇಂಥ ಮನೆಗಳಲ್ಲಿ ಕೆಲಸ ಆದ ಎರಡನೇ ಮಳೆಗಾಲಕ್ಕೆ ಗೋಡೆಯ ಪೇಂಟ್ ಎರಡು ಅಡಿ ಮೇಲಿನವರೆಗೆ ಉಬ್ಬಿರುದನ್ನು ನೋಡಿದ್ದೇನೆ. ಬೋರ್ಡಿನ ಬೆಲೆ ಮಾತ್ರ ನೋಡಿ ಲೆಕ್ಕ ಹಾಕ್ಬೇಡಿ, ಬಡಗಿ, ಟೈಲ್ಸ್, ಕಾಂಕ್ರೀಟ್, ಪೇಂಟ್ ಎಲ್ಲ ಸೇರ್ತದೆ.

ಅದರ ಬದಲು ಹಿಂದಿನ ರೂಮಿಗೆ ಮದ್ದು ಮನೆಯ ಹೊರಗೆ ಮಾಡ್ಬೇಕು. ಇಂಟರ್‌ಲಾಕ್ ಹಾಕಿ 3 ವರ್ಷ ಅಂದ್ರಿ, ಹುಡಿ ಉದುರ್ಲಿಕ್ಕೆ ಶುರುವಾದದ್ದು ಅದರ ಮೊದಲಾ ಆಮೇಲಾ ನೆನಪು ಮಾಡಿ. ನಮ್ಮಲ್ಲಿ ಇಂಟರ್‌ಲಾಕ್ ಹಾಕುವಾಗ ಹುಡಿ ಜಲ್ಲಿ ಎಲ್ಲ ಸುರಿದು ಅಂಗಳ ಅರ್ಧ ಅಡಿ ಎತ್ತರ ಆಗ್ತದೆ, ಪಂಚಾಂಗದ ಮೇಲಿನ ತೇವ ತಡೆಯುವ ಕಾಂಕ್ರೀಟ್ ಪಟ್ಟಿಯ ಹತ್ತಿರಕ್ಕೇ ಮಣ್ಣು ಬಂದುಬಿಡ್ತದೆ, ಕೆಲವು ಕಡೆ ಇಳಿಜಾರೂ ಮನೆ ಕಡೆಗೇ ಇರ್ತದೆ. ಕರಾವಳಿಯಲ್ಲಿ ವರ್ಷಕ್ಕೆ ಮೂರೂವರೆ ನಾಲ್ಕು ಸಾವಿರ ಮಿಲಿಮೀಟರ್ ಮಳೆ, ಹೆಚ್ಚಿನದ್ದು ನಾಲ್ಕೇ ತಿಂಗಳಲ್ಲಿ, ಅಷ್ಟೂ ನೀರು ಗೋಡೆ ಬುಡಕ್ಕೆ ಹೋದ್ರೆ ಯಾವ ಟೈಲ್ಸ್ ತಡೀತದೆ ಹೇಳಿ. ಗೋಡೆಯಿಂದ ಎರಡು ಅಡಿ ಅಗಲಕ್ಕೆ ಇಂಟರ್‌ಲಾಕ್ ತೆಗೆಸಿ, ಮಟ್ಟ ಇಳಿಸಿ, ಮನೆಯಿಂದ ಹೊರಗೆ ಇಳಿಜಾರು ಕೊಡಿಸಿ. ಮಾಡಿನ ನೀರು ಪೈಪಲ್ಲಿ ದೂರ ಹೋಗ್ಲಿ. ಬರೆಗೂ ಮನೆಗೂ ನಡುವೆ ಪಂಚಾಂಗದ ಕೆಳಮಟ್ಟಕ್ಕೆ ಬರುವಷ್ಟು ಆಳದ ತೋಡು ತೆಗೆದು, ತೂತಿನ ಪೈಪ್ ಇಟ್ಟು, ಸುತ್ತ ಬಟ್ಟೆಯ ಫಿಲ್ಟರ್ ಹಾಕಿ ಜಲ್ಲಿ ತುಂಬಿಸಿ, ನೀರು ತಗ್ಗಿನ ಕಡೆ ಹರಿದು ಹೋಗುವ ಹಾಗೆ ಮಾಡಿ. ಬರೆಯ ಬುಡ ಅಗೆಯುವಾಗ ಜಾಗ್ರತೆ, ಎತ್ತರದ ಬರೆ ಆದ್ರೆ ಮಳೆಗಾಲದಲ್ಲಿ ಮುಟ್ಟಲೇಬೇಡಿ, ಇಂಜಿನಿಯರಿಗೆ ತೋರಿಸಿ ಬೇಸಿಗೆಯಲ್ಲಿ ಮಾಡಿ. ಆಮೇಲೆ ಗೋಡೆಯ ಉಬ್ಬಿದ ಗಾರೆ ಕೆತ್ತಿ ತೆಗೆದು, ಒಂದು ಬೇಸಿಗೆ ಪೂರ್ತಿ ಒಣಗ್ಲಿಕ್ಕೆ ಬಿಡಿ.

ಹಾಲಿನ ಬೆವರಿಗೆ ಅಭ್ಯಾಸ ಬದಲಿಸಿದ್ರೇ ತುಂಬ ಕಮ್ಮಿ ಆಗ್ತದೆ. ನೆಲ ಒದ್ದೆ ಅಂತ ಎಲ್ಲ ಕಿಟಕಿ ತೆಗೆದಿಡ್ತೇವೆ, ಹೊರಗಿನ ಗಾಳಿ ಒಳಗಿಗಿಂತ ಬಿಸಿ ಮತ್ತು ಪಸೆ ಇದ್ದ ದಿನ ಅದರಿಂದಲೇ ಬೆವರು ಜಾಸ್ತಿ ಆಗುದು. ಅಂಥ ಸೆಕೆಯ ದಿನ ಕಿಟಕಿ ಹಾಕಿ ಫ್ಯಾನ್ ತಿರುಗ್ಲಿ, ಮಳೆ ನಿಂತು ತಂಪು ಗಾಳಿ ಇರುವಾಗ ತೆಗೀರಿ. ಒದ್ದೆ ಬಟ್ಟೆ ಹಾಲಲ್ಲಿ ಹಗ್ಗ ಕಟ್ಟಿ ಒಣಗಿಸ್ತೇವಲ್ಲ, ಆ ನೀರೆಲ್ಲ ಮನೆಯ ಗಾಳಿಗೇ ಹೋಗುದು. ಕುಚ್ಚಲಕ್ಕಿ ಅನ್ನ ಮುಕ್ಕಾಲು ಗಂಟೆ ಕುದಿಯುವಾಗ ಎಷ್ಟು ಹಬೆ, ಅಡುಗೆಮನೆಯ ಎಕ್ಸಾಸ್ಟ್ ಹಾಕಿ, ಹಾಲಿನ ಕಡೆಯ ಬಾಗಿಲು ಮುಚ್ಚಿ. ಇಷ್ಟರಲ್ಲೂ ಆಗದಿದ್ರೆ ಡಿಹ್ಯೂಮಿಡಿಫೈಯರ್ ಅಂತ ಮೆಷಿನ್ ಸಿಗ್ತದೆ, ಬಾಗಿಲು ಮುಚ್ಚಿದ ಒಂದು ಕೋಣೆಗೆ ಚೆನ್ನಾಗಿ ಕೆಲಸ ಮಾಡ್ತದೆ, ತೆರೆದ ಚಾವಡಿಗೆ ಅದರಿಂದ ಆಗ್ಲಿಕ್ಕಿಲ್ಲ.

ಹೊಸ ರೂಮಿಗೆ ಮಾತ್ರ ಬೋರ್ಡ್ ಹಾಕಿಸಿ ಅಂತಲೇ ನನ್ನ ಸಲಹೆ, ಯಾಕಂದ್ರೆ ಎತ್ತರ ಮೊದಲೇ ಲೆಕ್ಕ ಹಾಕಿ ಇಡ್ಬಹುದು, ಏನನ್ನೂ ಒಡೆಯುದಿಲ್ಲ, ಹೆಚ್ಚಿನ ಖರ್ಚು ಒಂದು ಇಂಚು ಬೋರ್ಡ್ ಮತ್ತು ಅದರ ಮೇಲಿನ ಕಾಂಕ್ರೀಟ್ ಮಾತ್ರ. ಕ್ರಮ ಹೀಗೆ. ಪಂಚಾಂಗ ಅಂಗಳದಿಂದ ಒಂದೂವರೆ ಅಡಿಯಾದ್ರೂ ಎತ್ತರ ಇರ್ಲಿ, ಆದ್ರೆ ಹಳೆ ಮನೆಯ ನೆಲಕ್ಕೂ ಇದಕ್ಕೂ ಮಟ್ಟ ಒಂದೇ ಆಗ್ಲಿ, ಅತ್ತೆ ಎಡವಬಾರ್ದು. ಮಣ್ಣು ಪದರ ಪದರವಾಗಿ ನೀರು ಹಾಕಿ ಗುದ್ದಿಸಿ, ಗೆದ್ದಲು ಮದ್ದು, ಜಲ್ಲಿ, ಅದರ ಮೇಲೆ 4 ಇಂಚು ಪಿಸಿಸಿ ನುಣ್ಣಗೆ ಮಟ್ಟ ಮಾಡಿ. ನಂತರ 250 ಮೈಕ್ರಾನ್ ಪಾಲಿಥೀನ್, ಅಂಗಡಿಯಲ್ಲಿ 1000 ಗೇಜ್ ಅಂತ ಕೇಳಿ, ಒಂದರ ಮೇಲೊಂದು 8 ಇಂಚು ಬರುವ ಹಾಗೆ ಹಾಸಿ ಟೇಪ್ ಹಾಕಿ, ಗೋಡೆಯ ಬದಿಗೆ ಮೇಲಕ್ಕೆ ಮಡಚಿ ಗೋಡೆಯ ತೇವ ತಡೆಯುವ ಪಟ್ಟಿಗೆ ಸೇರಿಸಿ. ನೀರು ತಡೆಯುದು ಈ ಪ್ಲಾಸ್ಟಿಕ್, ಇದು ಹರಿದ್ರೆ ಬೋರ್ಡ್ ಎಷ್ಟು ಒಳ್ಳೇದಿದ್ದೂ ಪ್ರಯೋಜನ ಇಲ್ಲ, ಹಾಗಾಗಿ ಅದರ ಮೇಲೆ ಬಕೆಟ್ ಎಳೆಯುದು, ಸಲಿಕೆ ಬಡಿಯುದು ಯಾವುದೂ ಬೇಡ. ಮೇಲೆ 25 ಎಂಎಂ ಎಕ್ಸ್‌ಪಿಎಸ್ ಇಟ್ಟಿಗೆ ಕಟ್ಟಿದ ಹಾಗೆ ಜಾಯಿಂಟ್ ತಪ್ಪಿಸಿ ಇಟ್ಟು ಸಂದಿಗೆ ಟೇಪ್, ಗೋಡೆ ಸುತ್ತ 10 ಎಂಎಂ ಮೆತ್ತನೆ ಫೋಮ್ ಪಟ್ಟಿ. ಗೋಡೆಯ ಅಡಿಗೆ ಬೋರ್ಡ್ ಹೋಗ್ಬಾರ್ದು, ನೆಲದ ಅಡಿಗೆ ಮಾತ್ರ. ಮೇಲೆ ಇನ್ನೊಂದು ತೆಳು ಪ್ಲಾಸ್ಟಿಕ್, ನಂತರ ಮೆಶ್ ಹಾಕಿದ 65ರಿಂದ 75 ಎಂಎಂ ಕಾಂಕ್ರೀಟ್, ವಾರ ಕ್ಯೂರಿಂಗ್. ಬಾತ್‌ರೂಮಿಗೆ ಬೋರ್ಡ್ ಬೇಡ, ಅಲ್ಲಿ ವಾಟರ್‌ಪ್ರೂಫಿಂಗ್ ಸರಿ ಆದ್ರೆ ಸಾಕು, ಹೊಸ್ತಿಲು ಎಬ್ಬಿಸದೆ ಇಳಿಜಾರಿನಲ್ಲೇ ನೀರು ಹೋಗುವ ಹಾಗೆ ಮಾಡಿಸಿ. ರೂಮಿಗೂ ಬಾತ್‌ರೂಮಿಗೂ ಮ್ಯಾಟ್ ಫಿನಿಶ್ ಟೈಲ್ಸ್, ರೂಮಿಗೆ ಆರ್ 10, ಬಾತ್‌ರೂಮಿಗೆ ಆರ್ 11 ಅಂತ ಕೇಳಿ ತಗೊಳ್ಳಿ, ಆರ್ ನಂಬರ್ ಜಾಸ್ತಿ ಇದ್ದಷ್ಟು ಜಾರುದು ಕಮ್ಮಿ, ಹೊಳೆಯುವ ಟೈಲ್ಸ್ ಅಂಗಡಿಯಲ್ಲಿ ಎಷ್ಟು ಚಂದ ಕಂಡ್ರೂ ಬೇಡ.

ಸಮಯದ ವಿಷಯ, ಶೀಟ್ ಪರೀಕ್ಷೆ ಈ ಮಳೆಯಲ್ಲೇ ಆಗ್ಲಿ, ಅಂಗಳದ ಕೆಲಸ ದಸರಾ ಕಳೆದು ಮಣ್ಣು ಗಟ್ಟಿಯಾದ ಮೇಲೆ. ಹೊಸ ರೂಮಿನ ಮೇಲಿನ ಕಾಂಕ್ರೀಟ್ ಫೆಬ್ರವರಿ ಒಳಗೆ ಹಾಕಿಸಿದ್ರೆ ಬೇಸಿಗೆಯಲ್ಲಿ ಒಣಗಿ ಏಪ್ರಿಲಲ್ಲಿ ಟೈಲ್ಸ್ ಕೂರಿಸ್ಬಹುದು. ಮೇ ಕೊನೆಗೆ ಅವಸರದಲ್ಲಿ ಹಸಿ ಕಾಂಕ್ರೀಟಿನ ಮೇಲೆ ಟೈಲ್ಸ್ ಹಾಕಿದ್ರೆ ಅದರೊಳಗಿನ ನೀರೇ ಮೊದಲ ಮಳೆಗಾಲ ಪೂರ್ತಿ ಜಾಯಿಂಟಲ್ಲಿ ಬರ್ತಾ ಇರ್ತದೆ, ಆಗ ಬೋರ್ಡೇ ಸರಿ ಇಲ್ಲ ಅಂತ ಎಲ್ರೂ ಹೇಳ್ತಾರೆ.